ಅಸಾತ್ಮ್ಯವೂ ಅದರ ಗುಳಿಗೆಯೂ

ಗದಗಿನಿಂದ ಹುಬ್ಬಳ್ಳಿಯ ದಾರಿ ಹಿಡಿದರೆ ಊರು ದಾಟಿದ ಕೆಲಹೊತ್ತಿಗೆ ನಮ್ಮ ಬಿಂಕದಕಟ್ಟಿ ಸಿಕ್ಕುವದು. ಹೊರಗಿನವರಿಗೆ ಈ ಹೆಸರು ಇಲ್ಲಿಯ ಮೃಗಾಲಯದಿಂದ ಪರಿಚಿತವು. ಆದರೆ ಊರಲ್ಲೇ ಇರುವವರಾದ ನಮಗೆ ವರ್ಷದ ಕಾಲಭೇದವನ್ನು ತಿಳಿಸುವ ಸಪ್ಪಳ ಬೇರೊಂದಿರುವದು, ಅದು ಸೀನು. ಮುಂಗಾರಿನ ಹೆಸರು ಬಂದು ರಾಶಿಯಾಗುವಾಗ ಹೊಟ್ಟಿನ ಧೂಳಿ. ಅದೇ ಹೊತ್ತಿಗೆ ಹಾದಿಯ ಎರಡೂ ಬದಿಗೆ ಕಾಂಗ್ರೆಸ್ ಕಸದ ಬಿಳಿಯ ಹೂ. ಅದು ಮುಗಿಯಿತೆಂಬಷ್ಟರಲ್ಲಿ ಗೋವಿನಜೋಳದ ಯಂತ್ರ. ಮುಂದೆ ಹಿಂಗಾರಿನ ಕಡಲೆ ಜೋಳಗಳ ಸುಗ್ಗಿ. ಒಬ್ಬರಿಗೆ ಮೂಗು ಸೋರುವದು, ಇನ್ನೊಬ್ಬರಿಗೆ ಕಣ್ಣು ಕೆಂಪೇರುವದು, ಮತ್ತೊಬ್ಬರಿಗೆ ಮೈತುಂಬ ಗಂಧೆಗಳೆದ್ದು ರಾತ್ರಿಯ ನಿದ್ರೆಯೇ ಹಾರಿಹೋಗುವದು. ಇಂಥ ದಿನಗಳಲ್ಲಿ ಔಷಧದ ಅಂಗಡಿಯ ಕಟ್ಟೆಗೆ ಹೋಗಿ “ಒಂದ್ ಅಲರ್ಜಿ ಗುಳಿಗಿ ಕೊಡ್ರಿ” ಎಂದು ಕೇಳದ ಮನೆಯೇ ಅಪರೂಪವು.

ಆ ಗುಳಿಗೆ ದೇಹದಲ್ಲಿ ಏನು ಮಾಡುವದು, ಏನು ಮಾಡಲಾರದು ಎಂಬದನ್ನು ಕೇಳುವವರು ಮಾತ್ರ ಕಡಿಮೆ. ನಾನು ವೈದ್ಯನಲ್ಲ, ಶಾಲೆಯಲ್ಲಿ ಸಂಸ್ಕೃತದ ಶಬ್ದರೂಪಗಳನ್ನು ಹೇಳಿಕೊಡುತ್ತ ಆಯುಷ್ಯ ಕಳೆದವನು. ಆದರೂ ಬಲ್ಲವರು ಬರೆದುದನ್ನು ಓದಿ ಮನೆಯವರಿಗೆ ತಿಳಿಯುವಂತೆ ಬಿಡಿಸಿ ಹೇಳುವದು ಮಾಸ್ತರನ ಕೆಲಸವೇ ಆದುದರಿಂದ ಈ ಲೇಖನಕ್ಕೆ ಕೈಹಾಕಿರುವೆನು.

‘ಅಲರ್ಜಿ’ ಎಂಬ ಶಬ್ದ ಹಳೆಯದಲ್ಲ. ವಿಯೆನ್ನಾದ ಮಕ್ಕಳ ವೈದ್ಯನಾದ ಕ್ಲೆಮೆನ್ಸ್ ಫಾನ್ ಪಿರ್ಕೆ ಎಂಬವನು 1906ರಲ್ಲಿ ಎರಡು ಗ್ರೀಕ್ ಪದಗಳನ್ನು ಜೋಡಿಸಿ ಅದನ್ನು ಕಟ್ಟಿದನು. ಆದರೆ ಸಂಗತಿ ನಮ್ಮ ಹಿರಿಯರಿಗೆ ಅಪರಿಚಿತವಾಗಿರಲಿಲ್ಲ. ದೇಹಕ್ಕೆ ಒಗ್ಗಿದುದು ಸಾತ್ಮ್ಯ, ಒಗ್ಗದುದು ಅಸಾತ್ಮ್ಯ ಎಂದು ಚರಕಸಂಹಿತೆಯ ಕಾಲದಿಂದಲೂ ವೈದ್ಯರು ವಿಭಾಗಿಸುತ್ತ ಬಂದಿರುವರು. ನಾವು ಪಿತ್ತದ ಗಂಧೆ ಎನ್ನುವ ವಿಕಾರಕ್ಕೆ ಮಾಧವನಿದಾನದಲ್ಲಿ ಶೀತಪಿತ್ತವೆಂಬ ಹೆಸರಿದ್ದು, ಅಲ್ಲಿ ಮೈಮೇಲೇಳುವ ಬಾವನ್ನು ಕಣಜ ಕಚ್ಚಿದಾಗ ಏಳುವ ಬಾವಿಗೆ ಹೋಲಿಸಿರುವರು. ಈ ಹೋಲಿಕೆಯನ್ನು ಓದಿದಾಗಲೆಲ್ಲ ನನಗೆ ಬೆರಗಾಗುವದು. ಯಾಕಂದರೆ ಕಣಜದ ವಿಷದಲ್ಲಿ ಇರುವ ಒಂದು ದ್ರವ್ಯವೇ ಗಂಧೆಯೇಳುವಾಗ ನಮ್ಮ ಚರ್ಮದೊಳಗಿಂದಲೂ ಹೊರಬೀಳುವದೆಂದು ಇಪ್ಪತ್ತನೆಯ ಶತಮಾನದಲ್ಲಿ ಗೊತ್ತಾಯಿತು. ಆ ದ್ರವ್ಯದ ಹೆಸರು ಹಿಸ್ಟಮಿನ್.

ಹಿಸ್ಟಮಿನ್ನಿನ ಪ್ರಭಾವವನ್ನು ಇಂಗ್ಲೆಂಡಿನ ಹೆನ್ರಿ ಡೇಲ್ ಮತ್ತು ಅವನ ಜೊತೆಗಾರ ಲೇಡ್ಲಾ 1910ರಲ್ಲಿ ವರ್ಣಿಸಿದರು. ಚರ್ಮ, ಮೂಗು, ಕಣ್ಣು, ಶ್ವಾಸನಾಳ, ಕರುಳು ಈ ಎಲ್ಲ ಗಡಿಭಾಗಗಳಲ್ಲಿ ಕೆಲವು ಕಾವಲು ಕಣಗಳು ಹಿಸ್ಟಮಿನ್ನನ್ನು ಗಂಟುಕಟ್ಟಿಟ್ಟುಕೊಂಡು ಕುಳಿತಿರುವವು. ಅಸಾತ್ಮ್ಯವಾದ ಪರಾಗವೋ ಧೂಳಿಯೋ ಆಹಾರವೋ ಸೋಂಕಿದೊಡನೆ ಗಂಟು ಬಿಚ್ಚುವದು. ಹೊರಬಿದ್ದ ಹಿಸ್ಟಮಿನ್ ಒಂದು ಬೀಗದ ಕೈಯಂತೆ. ನರಗಳ ಮೇಲೂ ರಕ್ತನಾಳಗಳ ಮೇಲೂ ಇರುವ ಬೀಗಗಳಲ್ಲಿ ಅದು ಹೊಕ್ಕು ತಿರುಗಿತೆಂದರೆ ತುರಿಕೆ, ಸೀನು, ನೀರು, ಬಾವು. ಆಂಟಿಹಿಸ್ಟಮಿನ್ ಗುಳಿಗೆಯು ಹಿಸ್ಟಮಿನ್ನನ್ನು ನಾಶ ಮಾಡುವದಿಲ್ಲ, ಗಂಟು ಬಿಚ್ಚದಂತೆ ತಡೆಯುವದೂ ಇಲ್ಲ. ಅದು ಆ ಬೀಗದ ತೂತನ್ನು ತಾನು ಮೊದಲೇ ಹೋಗಿ ಮುಚ್ಚಿ ಕುಳಿತುಕೊಳ್ಳುವದು, ಅಷ್ಟೆ.

ಈ ಉಪಾಯವನ್ನು ಮೊದಲು ಸಾಧಿಸಿದವರು ಪ್ಯಾರಿಸ್ಸಿನ ಪಾಸ್ತರ್ ಸಂಸ್ಥೆಯಲ್ಲಿದ್ದ ಡ್ಯಾನಿಯೆಲ್ ಬೊವೆ ಮತ್ತು ಆನ್ ಮಾರಿ ಸ್ಟೌಬ್, ವರ್ಷ 1937. ಅವರ ಮೊದಲ ದ್ರವ್ಯ ಮನುಷ್ಯರಿಗೆ ಕೊಡುವಂತಿರಲಿಲ್ಲ. ರೋಗಿಗಳಿಗೆ ಕೊಡಬಹುದಾದ ಆಂಟರ್ಗನ್ 1942ರಲ್ಲಿ ಬಂದಿತು. ಬೊವೆಗೆ 1957ರಲ್ಲಿ ನೊಬೆಲ್ ಪಾರಿತೋಷಕ ದೊರೆಯಿತು.

ಬೀಗವನ್ನು ಮುಚ್ಚುವದೇ ಗುಳಿಗೆಯ ಕೆಲಸವೆಂದು ತಿಳಿದರೆ ಅದನ್ನು ನುಂಗುವ ಹೊತ್ತು ಯಾವದೆಂಬದು ತಾನೇ ತಿಳಿಯುವದು. ಕಣದಲ್ಲಿ ನಾಲ್ಕು ತಾಸು ಧೂಳಿ ಕುಡಿದು, ಮೂಗು ಕಟ್ಟಿ ಕಣ್ಣು ಬಾತ ಮೇಲೆ ನುಂಗಿದರೆ ಆಗಲೇ ಹೊಕ್ಕ ಕೈಯನ್ನು ಅದು ಕಿತ್ತು ತೆಗೆಯಲಾರದು. ಮುಂದಿನದಕ್ಕೆ ಮಾತ್ರ ಅಡ್ಡವಾಗುವದು. ರಾಶಿಗೆ ಹೋಗುವ ಒಂದೆರಡು ತಾಸು ಮೊದಲು, ಇಲ್ಲವೆ ಹಿಂದಿನ ರಾತ್ರಿಯೇ ತೆಗೆದುಕೊಂಡವರಿಗೆ ಅದೇ ಗುಳಿಗೆಯಿಂದ ಹೆಚ್ಚಿನ ಸುಖವುಂಟು. ಒಂದರಿಂದ ಗುಣವಾಗಲಿಲ್ಲವೆಂದು ಒಂದೇ ಮುಂಜಾನೆ ಮೂರು ನುಂಗುವವರನ್ನು ನಾನು ಬಲ್ಲೆ. ಬೀಗವೆಲ್ಲ ಮುಚ್ಚಿದ ಮೇಲೆ ಉಳಿದ ಗುಳಿಗೆಗೆ ಮಾಡಲು ಕೆಲಸವಿರುವದಿಲ್ಲ, ಕೇಡು ಮಾತ್ರ ಉಳಿಯುವದು.

ಆ ಕೇಡು ಯಾವದು? ಇಲ್ಲಿ ಹಳೆಯ ಗುಳಿಗೆ, ಹೊಸ ಗುಳಿಗೆ ಎಂಬ ಭೇದವನ್ನು ಗೃಹಿಣಿಯರು ಅವಶ್ಯವಾಗಿ ತಿಳಿದಿರಬೇಕು. ನಮ್ಮ ಮೆದುಳಿನಲ್ಲಿಯೂ ಹಿಸ್ಟಮಿನ್ ಇರುವದು. ಅಲ್ಲಿ ಅದರ ಕೆಲಸ ತುರಿಕೆ ಎಬ್ಬಿಸುವದಲ್ಲ, ನಮ್ಮನ್ನು ಎಚ್ಚರದಲ್ಲಿಡುವದು. ಕ್ಲೋರ್‌ಫೆನಿರಮಿನ್, ಅವಿಲ್ ಎಂಬ ಹೆಸರಿನಿಂದ ಎಲ್ಲರಿಗೂ ಗೊತ್ತಿರುವ ಫೆನಿರಮಿನ್, ಡೈಫೆನ್‌ಹೈಡ್ರಮಿನ್, ಪ್ರೊಮೆಥಜಿನ್ ಇವು ಹಳೆಯ ತಲೆಮಾರಿನವು. ಇವು ರಕ್ತದಿಂದ ಮೆದುಳಿಗೆ ಸರಾಗವಾಗಿ ಹೊಕ್ಕು ಅಲ್ಲಿಯ ಬೀಗಗಳನ್ನೂ ಮುಚ್ಚುವವು, ಎಚ್ಚರವು ಮಂಕಾಗುವದು. ತೂಕಡಿಕೆ ಬಂದರೆ ಮನುಷ್ಯನು ಜಾಗ್ರತೆಯಾಗಿ ಮಲಗಿಯಾನು. ತೂಕಡಿಕೆ ಬಾರದೆ ಕೈಕಾಲುಗಳ ಚುರುಕು ಮಾತ್ರ ತಗ್ಗಿರುವದು ಇದಕ್ಕಿಂತ ಅಪಾಯಕರವು. ‘ನನಗೇನೂ ಆಗಿಲ್ಲ’ ಎಂದುಕೊಂಡೇ ಅವನು ಗಾಡಿ ಹತ್ತುವನು. ಕ್ಲೋರ್‌ಫೆನಿರಮಿನ್ನಿನ ಅರ್ಧಭಾಗವು ದೇಹದಿಂದ ಹೊರಹೋಗಲು ಹೆಚ್ಚುಕಡಿಮೆ ಒಂದು ಹಗಲು ರಾತ್ರಿ ಹಿಡಿಯುವದಾದ್ದರಿಂದ, ರಾತ್ರಿ ನುಂಗಿದ್ದರ ಮಂಕು ಮುಂಜಾನೆಯೂ ಉಳಿದಿರಬಹುದು.

ಕೆಲವು ವರ್ಷಗಳ ಹಿಂದೆ ನಮ್ಮ ನೆರೆಯ ರೈತರೊಬ್ಬರು ಹೆಸರಿನ ರಾಶಿಯ ದಿನ ಇಂಥ ಹಳೆಯ ಗುಳಿಗೆ ಎರಡನ್ನು ಒಟ್ಟಿಗೆ ನುಂಗಿ ಮಧ್ಯಾಹ್ನ ಮೋಟಾರ್ ಸೈಕಲ್ ಮೇಲೆ ಗದಗಿನ ಪೇಟೆಗೆ ಹೊರಟರು. ದಾರಿಯಲ್ಲಿ ಎದುರಿನ ಲಾರಿಯ ಹಾರ್ನು ಕೇಳಿಸಿತು, ಆದರೆ ಹ್ಯಾಂಡಲ್ ತಿರುಗಿಸುವಷ್ಟರಲ್ಲಿ ತಡವಾಯಿತೆಂದು ಅವರೇ ಹೇಳಿದರು. ಹೊಲದ ಕಡೆಗೆ ಉರುಳಿದ್ದರಿಂದ ತೋಳಿನ ಎಲುಬು ಮುರಿದು ಪ್ರಾಣ ಉಳಿಯಿತು. ಕುಡಿದಿದ್ದರೇನೋ ಎಂದು ಊರವರು ಆಡಿಕೊಂಡರು. ಹನಿ ಮುಟ್ಟುವವರಲ್ಲ ಅವರು. ರಾಶಿ ಯಂತ್ರದ ಬಾಯಿಗೆ ಕೈಯಿಂದ ಪೈರು ಕೊಡುವವರು, ಟ್ರ್ಯಾಕ್ಟರ್ ನಡೆಸುವವರು, ಬಾವಿಯ ದಂಡೆಯಲ್ಲಿ ಕೆಲಸ ಮಾಡುವವರು ಈ ಹಳೆಯ ಗುಳಿಗೆಯನ್ನು ಹಗಲು ತೆಗೆದುಕೊಳ್ಳಲೇಬಾರದು. ಮದ್ಯ ಮತ್ತು ನಿದ್ರೆಯ ಗುಳಿಗೆ ಇವುಗಳೊಡನೆ ಸೇರಿದರೆ ಮಂಕು ಮತ್ತಷ್ಟು ಹೆಚ್ಚುವದು. ಇವುಗಳಲ್ಲಿ ಅನೇಕವನ್ನು ಸರಕಾರದ ಔಷಧ ನಿಯಮಗಳ ‘ಜಿ’ ಅನುಸೂಚಿಯಲ್ಲಿ ಸೇರಿಸಿ, ವೈದ್ಯರ ಮೇಲ್ವಿಚಾರಣೆಯಿಲ್ಲದೆ ಸೇವಿಸುವದು ಅಪಾಯವೆಂದು ಚೀಟಿಯ ಮೇಲೆ ಮುದ್ರಿಸಬೇಕೆಂದು ವಿಧಿಸಿರುವರು. ಮುದ್ರಿಸಿಯೂ ಇರುವರು, ಅಕ್ಷರ ಮಾತ್ರ ಸಾಸಿವೆಕಾಳಿಗಿಂತ ಸಣ್ಣವು. ಶಾಲೆಗೆ ಹೋಗುವ ಮೊಮ್ಮಕ್ಕಳ ಕೈಯಿಂದ ಅದನ್ನು ಓದಿಸಿರಿ. ಅವರ ಇಂಗ್ಲಿಷಿಗೂ ಉಪಕಾರವಾದೀತು.

ಹೊಸ ತಲೆಮಾರಿನವು ಮೆದುಳಿಗೆ ಅಷ್ಟಾಗಿ ಹೋಗವು. ದೊಡ್ಡವರಿಗೆ ಸೆಟಿರಿಜಿನ್ ದಿನಕ್ಕೆ 10 ಮಿಲಿಗ್ರಾಮ್, ಲಿವೊಸೆಟಿರಿಜಿನ್ 5, ಲೊರಾಟಡಿನ್ 10, ಫೆಕ್ಸೊಫೆನಡಿನ್ ಮೂಗಿಗಾದರೆ 120, ಗಂಧೆಗಾದರೆ 180. ಎಲ್ಲವೂ ದಿನಕ್ಕೆ ಒಂದೇ ಸಲ. ಇವುಗಳಲ್ಲಿ ಒಂದನ್ನು ಆರಿಸಬೇಕಲ್ಲದೆ ಎರಡನ್ನು ಕೂಡಿಸತಕ್ಕದ್ದಲ್ಲ. ಸೆಟಿರಿಜಿನ್ ಮತ್ತು ಅದರ ತಮ್ಮನಾದ ಲಿವೊಸೆಟಿರಿಜಿನ್ ಕೆಲವರಿಗೆ ನಿದ್ರೆ ತರುವದುಂಟು. ಆದ್ದರಿಂದ ಮೊದಲ ಸಲ ರಾತ್ರಿಯೇ ತೆಗೆದುಕೊಂಡು ಪರೀಕ್ಷಿಸುವದು ಒಳ್ಳೆಯದು. ಮೂತ್ರಪಿಂಡದ ಶಕ್ತಿ ಕುಂದಿದವರಿಗೆ ಇವುಗಳ ಪ್ರಮಾಣವನ್ನು ಡಾಕ್ಟರರು ಇಳಿಸಬೇಕಾಗುವದು. ಫೆಕ್ಸೊಫೆನಡಿನ್ ನಿದ್ರೆಯ ವಿಷಯದಲ್ಲಿ ಎಲ್ಲಕ್ಕಿಂತ ಸಾಧುವಾದದ್ದು, ಆದರೆ ಅದನ್ನು ಕಿತ್ತಳೆ ಸೇಬುಗಳ ರಸದೊಡನೆ ನುಂಗಿದರೆ ಸರಿಯಾಗಿ ಮೈಗೆ ಹತ್ತುವದಿಲ್ಲ; ಬರಿಯ ನೀರೇ ಸಾಕು.

ಈ ಫೆಕ್ಸೊಫೆನಡಿನ್ನಿನ ಜನ್ಮವೃತ್ತಾಂತ ಸ್ವಾರಸ್ಯವಾಗಿದೆ. ಮೊದಲು ಟರ್ಫೆನಡಿನ್ ಎಂಬ ಗುಳಿಗೆಯಿದ್ದಿತು. ನಿದ್ರೆ ತಾರದೆಂದು ಲೋಕವೆಲ್ಲ ಅದನ್ನು ಕೊಂಡಾಡಿತು. ನುಂಗಿದ ಮೇಲೆ ಯಕೃತ್ತು ಅದನ್ನು ಬೇರೊಂದು ರೂಪಕ್ಕೆ ತಿರುಗಿಸುತ್ತಿತ್ತು. ಆದರೆ ರೋಗಿಯು ಎರಿಥ್ರೊಮೈಸಿನ್, ಕೀಟೊಕೊನಜೋಲ್ ಮುಂತಾದ ಬೇರೆ ಔಷಧಗಳನ್ನು ಜೊತೆಗೆ ತೆಗೆದುಕೊಂಡಾಗ ಯಕೃತ್ತಿನ ಈ ಕೆಲಸ ನಿಂತು, ಟರ್ಫೆನಡಿನ್ ಹಾಗೆಯೇ ರಕ್ತದಲ್ಲಿ ಕೂಡಿಕೊಂಡು, ಹೃದಯದ ತಾಳ ತಪ್ಪಿ ಕೆಲವರು ಮೃತ್ಯುವಶರಾದರು. 1998ರಲ್ಲಿ ಅಮೆರಿಕೆಯಲ್ಲಿ ಅದನ್ನು ಪೇಟೆಯಿಂದ ತೆಗೆದರು. ಯಕೃತ್ತು ತಿರುಗಿಸಿ ಕೊಡುತ್ತಿದ್ದ ಆ ನಿರುಪದ್ರವಿ ರೂಪವೇ ಇಂದಿನ ಫೆಕ್ಸೊಫೆನಡಿನ್. ‘ಒಂದು ಸಣ್ಣ ಅಲರ್ಜಿ ಗುಳಿಗೆ, ಡಾಕ್ಟರರಿಗೆ ಹೇಳುವದೇನಿದೆ’ ಎನ್ನುವವರು ಈ ಕಥೆಯನ್ನು ನೆನೆಯಬೇಕು. ದವಾಖಾನೆಗೆ ಹೋದಾಗ ಮನೆಯಲ್ಲಿ ನುಂಗುವ ಎಲ್ಲ ಗುಳಿಗೆಗಳ ಚೀಟಿಗಳನ್ನೂ ಕೈಯಲ್ಲಿ ಒಯ್ಯಿರಿ.

ಮಕ್ಕಳ ವಿಷಯಕ್ಕೆ ಬರೋಣ. ಕೂಸಿಗೆ ನೆಗಡಿಯಾದರೆ ಬಣ್ಣದ ಸಿರಪ್ಪನ್ನು ಚಮಚದಲ್ಲಿ ಹನಿಸುವದು ಎಷ್ಟೋ ಮನೆಗಳಲ್ಲಿ ರೂಢಿಯಾಗಿರುವದು. ಆ ಸಿರಪ್ಪುಗಳಲ್ಲಿ ಬಹಳಷ್ಟರಲ್ಲಿ ಈ ಹಳೆಯ ಕ್ಲೋರ್‌ಫೆನಿರಮಿನ್ನೇ ಇದ್ದು, ಜೊತೆಗೆ ಮೂಗು ಬಿಡಿಸುವ ಫಿನೈಲೆಫ್ರಿನ್ ಇರುವದು. 2023ರ ಡಿಸೆಂಬರದಲ್ಲಿ ಕೇಂದ್ರದ ಔಷಧ ನಿಯಂತ್ರಕರು ಈ ಮಿಶ್ರಣವನ್ನು 4 ವರ್ಷದೊಳಗಿನ ಮಕ್ಕಳಿಗೆ ಕೊಡಬಾರದೆಂದು ಬಾಟಲಿಯ ಮೇಲೆ ಬರೆಯತಕ್ಕದ್ದೆಂದು ಆಜ್ಞಾಪಿಸಿದರು. 2025ರಲ್ಲಿ ಮಧ್ಯಪ್ರದೇಶದ ಛಿಂದವಾಡಾದಲ್ಲಿ ಕೆಮ್ಮಿನ ಸಿರಪ್ಪು ಕುಡಿದ ಅನೇಕ ಎಳೆಯ ಮಕ್ಕಳು ತೀರಿಕೊಂಡುದನ್ನು ವಾಚಕರು ಮರೆತಿರಲಾರರು. ಅಲ್ಲಿ ಕೊಂದದ್ದು ಸಿರಪ್ಪಿನಲ್ಲಿ ಕೂಡಿದ್ದ ಡೈಎಥಿಲೀನ್ ಗ್ಲೈಕಾಲ್ ಎಂಬ ವಿಷವೇ ಹೊರತು ಆಂಟಿಹಿಸ್ಟಮಿನ್ ಅಲ್ಲ. ಆದರೆ ಆ ಮಕ್ಕಳಿಗೆ ಸಿರಪ್ಪಿನ ಅವಶ್ಯಕತೆಯೇ ಇತ್ತೇ ಎಂಬ ಪ್ರಶ್ನೆ ಆಗ ಎದ್ದಿತು. 2 ವರ್ಷದೊಳಗಿನವರಿಗೆ ಕೆಮ್ಮು ನೆಗಡಿಯ ಔಷಧ ಬೇಡವೆಂದು ಕೇಂದ್ರದ ಆರೋಗ್ಯ ಇಲಾಖೆಯು ಸಲಹೆ ಕೊಟ್ಟಿತು. ಕೂಸು ರಾತ್ರಿ ಅಳದೆ ಮಲಗಲೆಂದು, ಪ್ರವಾಸದಲ್ಲಿ ಗಲಾಟೆ ಮಾಡದಿರಲೆಂದು ಈ ಸಿರಪ್ಪು ಕೊಡುವದು ತೀರ ಕೆಟ್ಟ ಪದ್ಧತಿಯು. ಕೆಲವು ಮಕ್ಕಳಿಗಂತೂ ನಿದ್ರೆಯ ಬದಲು ಚಡಪಡಿಕೆಯೇ ಹೆಚ್ಚುವದು. ಇನ್ನೊಂದು ಮಾತು: ಮಗುವಿಗೆ ಹಸಿವೆ ಹೆಚ್ಚಲೆಂದು ಅಂಗಡಿಯಿಂದ ತರುವ ‘ಟಾನಿಕ್’ಗಳಲ್ಲಿ ಕೆಲವು ಸಿಪ್ರೊಹೆಪ್ಟಡಿನ್ ಎಂಬ ಆಂಟಿಹಿಸ್ಟಮಿನ್ ಆಗಿರುವವು. ಹಸಿವೆ ಹೆಚ್ಚುವದು ಅದರ ಒಂದು ಅಡ್ಡಪರಿಣಾಮ ಮಾತ್ರವು. ಕ್ಲಾಸಿನಲ್ಲಿ ತೂಕಡಿಸುತ್ತಿದ್ದ ಹುಡುಗರನ್ನು ಸೋಮಾರಿಗಳೆಂದು ಬೈಯುವ ಮುಂಚೆ ಮನೆಯಲ್ಲಿ ಏನು ಕುಡಿಸುತ್ತಿರುವರೆಂದು ಕೇಳುವ ರೂಢಿ ಉಪಾಧ್ಯಾಯರಿಗೆ ಇರಬೇಕೆಂದು ನನ್ನ ಅಭಿಪ್ರಾಯ.

ನನ್ನ ವಯಸ್ಸಿನವರಿಗೆ ಹಳೆಯ ಗುಳಿಗೆ ಬೇರೆ ರೀತಿಯಿಂದ ಶತ್ರುವು. ಅದು ದೇಹದ ರಸಗಳನ್ನೆಲ್ಲ ಒಣಗಿಸುವ ಸ್ವಭಾವದ್ದು. ಮೂಗಿನ ನೀರು ನಿಂತಂತೆ ಬಾಯಿಯೂ ಒಣಗುವದು, ಮಲಬದ್ಧತೆಯಾಗುವದು. ಪ್ರೊಸ್ಟೇಟ್ ಗ್ರಂಥಿ ಬೆಳೆದ ಗಂಡಸರಿಗೆ ಮೂತ್ರವೇ ಕಟ್ಟಿಕೊಂಡು ನಡುರಾತ್ರಿ ದವಾಖಾನೆಗೆ ಓಡುವ ಪ್ರಸಂಗ ಬರಬಹುದು. ಗ್ಲಾಕೋಮಾದ ಕೆಲವು ಪ್ರಕಾರಗಳಲ್ಲಿ ಕಣ್ಣಿನ ಒತ್ತಡ ಏರುವದು. ಮುದುಕರಿಗೆ ಮರೆವು, ಗಲಿಬಿಲಿ, ರಾತ್ರಿ ಎದ್ದಾಗ ತೂರಾಡಿ ಬೀಳುವದು ಇವೂ ಉಂಟು; ಮಕ್ಕಳು ಇದನ್ನು ಕಂಡು ‘ಅಜ್ಜಗ ಅರಳು ಮರಳು’ ಎಂದುಬಿಡುವರು. ಗರ್ಭಿಣಿಯರೂ ಎದೆಹಾಲು ಕುಡಿಸುವ ತಾಯಂದಿರೂ ತಾವೇ ಆರಿಸಿಕೊಳ್ಳದೆ ಡಾಕ್ಟರರನ್ನು ಕೇಳಬೇಕು. ಹಳೆಯ ಗುಳಿಗೆಯಿಂದ ಹಾಲು ಕುಡಿಯುವ ಕೂಸಿಗೂ ಮಂಕು ಬರಬಹುದು.

ಇನ್ನು ಎಲ್ಲಕ್ಕಿಂತ ಮುಖ್ಯವಾದ ಸಂಗತಿ. ಹೆಜ್ಜೇನು ಕಡಿದಾಗ, ಒಗ್ಗದ ಔಷಧದ ಸೂಜಿ ಚುಚ್ಚಿದಾಗ, ಶೇಂಗಾದಂಥ ಪದಾರ್ಥ ಕೆಲವರ ಹೊಟ್ಟೆಗೆ ಹೋದಾಗ ಅಸಾತ್ಮ್ಯವು ಒಂದು ಅಂಗದಲ್ಲಿ ನಿಲ್ಲದೆ ಇಡೀ ದೇಹವನ್ನೇ ಹಿಡಿಯುವದುಂಟು. ಫ್ರಾನ್ಸಿನ ಶಾರ್ಲ್ ರಿಶೆ ಮತ್ತು ಪೋರ್ತಿಯೇ 1902ರಲ್ಲಿ ಇದಕ್ಕೆ ಅನಾಫಿಲ್ಯಾಕ್ಸಿಸ್ ಎಂದು ಹೆಸರಿಟ್ಟರು, ರಕ್ಷಣೆಗೆ ವಿಪರೀತವಾದದ್ದೆಂದು ಅದರ ಭಾವ. ಮೈಮೇಲೆ ಗಂಧೆಗಳೇಳುವದರ ಜೊತೆಗೆ ಗಂಟಲು ಬಿಗಿಯುವದು, ದನಿ ಗೊಗ್ಗರಾಗುವದು, ಉಸಿರು ಕಟ್ಟುವದು, ನಾಲಿಗೆ ಬಾಯುವದು, ಮೇಲಿಂದ ಮೇಲೆ ವಾಂತಿ, ಕಣ್ಣಿಗೆ ಕತ್ತಲೆ ಕಟ್ಟುವದು ಇವುಗಳಲ್ಲಿ ಯಾವದಾದರೂ ಕಂಡರೆ ಅದು ಗುಳಿಗೆಯ ಹೊತ್ತಲ್ಲ. ಗುಳಿಗೆ ಹೊಟ್ಟೆಯಲ್ಲಿ ಕರಗಿ ಕೆಲಸಕ್ಕೆ ತೊಡಗಲು ಅರ್ಧ ತಾಸು, ಒಂದು ತಾಸು ಬೇಕು. ತೊಡಗಿದರೂ ಅದು ಬಿಗಿದ ಶ್ವಾಸನಾಳವನ್ನು ತೆರೆಯಲಾರದು, ಕುಸಿದ ರಕ್ತದೊತ್ತಡವನ್ನು ಎತ್ತಲಾರದು. ಇದಕ್ಕೆ ಔಷಧ ಒಂದೇ: ತೊಡೆಯ ಸ್ನಾಯುವಿಗೆ ಕೊಡುವ ಅಡ್ರಿನಲಿನ್ ಸೂಜಿ. ಗುಳಿಗೆ ಕೊಟ್ಟು ‘ಕಡಿಮೆಯಾಗುವದೋ ನೋಡೋಣ’ ಎಂದು ಕಾಯುತ್ತ ಕುಳಿತ ಅರ್ಧ ತಾಸೇ ಪ್ರಾಣಕ್ಕೆ ಎರವಾಗುವದು. 108ಕ್ಕೆ ಕರೆ ಮಾಡಿ, ರೋಗಿಯನ್ನು ಅಂಗಾತ ಮಲಗಿಸಿ ಕಾಲುಗಳನ್ನು ಎತ್ತರಿಸಿಡಬೇಕು; ಉಸಿರಿನ ತೊಂದರೆಯಿದ್ದರೆ ಕೂಡಿಸಬಹುದು, ಆದರೆ ಎಬ್ಬಿಸಿ ನಡೆಸಬಾರದು. ಸೂಜಿಯಿಂದ ಗುಣ ಕಂಡಿತೆಂದು ಕೂಡಲೇ ಮನೆಗೆ ಮರಳುವದೂ ಸಲ್ಲದು, ಕೆಲವು ತಾಸುಗಳ ಮೇಲೆ ಅದು ಮತ್ತೆ ಮರುಕಳಿಸಬಹುದು. ಬರಿಯ ಗಂಧೆಯಾದರೆ ಕಂಬಳಿ ಹೊದಿಸುವದು, ಆಮಸೋಲಿನ ನೀರು ಹಚ್ಚುವದು ಮುಂತಾದ ಅಜ್ಜಿಯರ ಉಪಚಾರಗಳಿಗೆ ನನ್ನ ತಕರಾರಿಲ್ಲ. ಉಸಿರಿಗೆ ಬಂದಾಗ ಅವೆಲ್ಲ ಬದಿಗಿರಲಿ. ಇದರಂತೆಯೇ ದಮ್ಮಿನ ರೋಗಕ್ಕೂ ಈ ಗುಳಿಗೆ ಔಷಧವಲ್ಲ, ಅದಕ್ಕೆ ಎಳೆದುಕೊಳ್ಳುವ ಔಷಧಗಳೇ ಬೇರೆ.

ಮೂಗಿನ ಬಾಧೆ ತಿಂಗಳುಗಟ್ಟಲೆ ಬಿಡದವರಿಗೆ, ಅದರಲ್ಲೂ ಸೀನಿಗಿಂತ ಮೂಗು ಕಟ್ಟುವದೇ ಹೆಚ್ಚಾದವರಿಗೆ, ಗುಳಿಗೆಗಿಂತ ಮೂಗಿನಲ್ಲಿ ಸಿಂಪಡಿಸುವ ಫ್ಲೂಟಿಕಸೋನ್, ಮೊಮೆಟಸೋನ್ ಮುಂತಾದವು ಹೆಚ್ಚು ಗುಣಕಾರಿಯು. ಇವು ಒಂದೇ ದಿನದಲ್ಲಿ ಚಮತ್ಕಾರ ತೋರಿಸವು, ಕೆಲವು ದಿನ ಬಿಡದೆ ಹಾಕಬೇಕು. ಕ್ಷಣದಲ್ಲಿ ಮೂಗು ಬಿಡಿಸುವ ಹನಿಗಳು ಬೇರೆ. ಅವನ್ನು ನಾಲ್ಕಾರು ದಿನಕ್ಕಿಂತ ಹೆಚ್ಚು ಹಾಕಿದರೆ ಮೂಗು ಮೊದಲಿಗಿಂತ ಬಿಗಿಯಾಗಿ ಕಟ್ಟುವದು. ನಮ್ಮ ಯೋಗಶಾಸ್ತ್ರದ ಜಲನೇತಿ ಇಲ್ಲಿ ನಿಜಕ್ಕೂ ಉಪಕಾರಿಯು. ಅರ್ಧ ಲೀಟರ್ ನೀರಿಗೆ ಸುಮಾರು 4.5 ಗ್ರಾಮ್ ಉಪ್ಪು; ನೀರನ್ನು ಚೆನ್ನಾಗಿ ಕುದಿಸಿ ಆರಿಸಿರಬೇಕು, ನಳದ ಹಸಿನೀರು ಸರ್ವಥಾ ಕೂಡದು. ಈಚೆಗೆ ಲಿವೊಸೆಟಿರಿಜಿನ್ನಿನ ಜೊತೆಗೆ ಮಾಂಟೆಲುಕಾಸ್ಟ್ ಎಂಬದನ್ನು ಕೂಡಿಸಿದ ಗುಳಿಗೆಗಳು ಎಲ್ಲ ಕಡೆಗೂ ಸಿಕ್ಕುವವು. ಮಾಂಟೆಲುಕಾಸ್ಟಿನಿಂದ ಕೆಲವರಿಗೆ ಕೆಟ್ಟ ಕನಸು, ಖಿನ್ನತೆ, ಸ್ವಭಾವದಲ್ಲಿ ಮಾರ್ಪಾಟು, ಆತ್ಮಹತ್ಯೆಯ ಯೋಚನೆ ಕೂಡ ಬರಬಹುದೆಂದು ಅಮೆರಿಕೆಯ ಔಷಧಾಡಳಿತವು 2020ರಲ್ಲಿ ಕಟುವಾದ ಎಚ್ಚರಿಕೆಯನ್ನು ಅಚ್ಚು ಹಾಕಿಸಿತು. ಬರಿಯ ಸೀನಿಗಾಗಿ ಅದನ್ನು ತಾವಾಗಿಯೇ ಕೊಂಡು ತಿನ್ನುವದು ಬೇಡ. ವರ್ಷಗಟ್ಟಲೆ ಸೆಟಿರಿಜಿನ್ ನುಂಗಿ ಒಮ್ಮೆಲೆ ಬಿಟ್ಟವರಲ್ಲಿ ಕೆಲವರಿಗೆ ಕೆಲವೇ ದಿನಗಳಲ್ಲಿ ಮೈಯೆಲ್ಲ ಅಸಾಧ್ಯ ತುರಿಕೆ ಹುಟ್ಟುವದೆಂದು ಅದೇ ಆಡಳಿತವು 2025ರ ಮೇ ತಿಂಗಳಲ್ಲಿ ತಿಳಿಸಿತು. ಅಂಥವರು ಡಾಕ್ಟರರನ್ನು ಕಂಡು ಮೆಲ್ಲನೆ ಬಿಡಬೇಕು.

ಕಡೆಗೆ ನಮ್ಮ ಕಾಂಗ್ರೆಸ್ ಕಸ. ಅಮೆರಿಕ ಖಂಡದ ಈ ಪಾರ್ಥೇನಿಯಂ ಗಿಡವನ್ನು 1955–56ರ ಸುಮಾರಿಗೆ ಪುಣೆಯಲ್ಲಿ ಗುರುತಿಸಿದರು; ಅಲ್ಲಿಂದ ಈಚೆಗೆ ಅದು ಹಬ್ಬದ ಊರಿಲ್ಲ. ಇದು ತರುವ ರೋಗ ಎರಡು ಬಗೆಯದೆಂಬದನ್ನು ರೈತ ಕುಟುಂಬಗಳು ತಿಳಿಯಬೇಕು. ಪರಾಗವು ಮೂಗಿಗೆ ಹೋಗಿ ಬರುವ ಸೀನು ಹಿಸ್ಟಮಿನ್ನಿನ ಆಟವು; ಅದಕ್ಕೆ ಗುಳಿಗೆ ನಾಟುವದು. ಆದರೆ ಗಿಡದ ಮೇಲಿನ ಸೂಕ್ಷ್ಮ ರೋಮಗಳಲ್ಲಿಯೂ ಒಣಗಿದ ಅದರ ಪುಡಿಯಲ್ಲಿಯೂ ಇರುವ ಪಾರ್ಥೆನಿನ್ ಎಂಬ ದ್ರವ್ಯವು ಗಾಳಿಯಿಂದ ಬಂದು ಚರ್ಮಕ್ಕೆ ಅಂಟಿದಾಗ ಬರುವ ರೋಗದ ದಾರಿಯೇ ಬೇರೆ. ಅದು ಕೂಡಲೇ ಕಾಣಿಸಿಕೊಳ್ಳದೆ ಒಂದೆರಡು ದಿನಗಳ ಮೇಲೆ ಏಳುವದು. ರೆಪ್ಪೆ, ಕುತ್ತಿಗೆ, ಮೊಣಕೈಯ ಒಳಮಡಿಕೆ ಈ ಸ್ಥಳಗಳಲ್ಲಿ ಚರ್ಮ ಕಪ್ಪಾಗಿ, ದಪ್ಪಗಾಗಿ, ಒಡೆದು ಸೋರುವದು. ಅಲ್ಲಿ ಕೆಲಸ ಮಾಡುವದು ಹಿಸ್ಟಮಿನ್ ಅಲ್ಲ, ರಕ್ತದ ಬಿಳಿಯ ಕಣಗಳು. ಅಂಥವನು ವರ್ಷಾನುಗಟ್ಟಲೆ ಅಲರ್ಜಿ ಗುಳಿಗೆ ನುಂಗಿದರೂ ರಾತ್ರಿ ತುಸು ನಿದ್ರೆ ಬರುವದರ ಹೊರತು ರೋಗ ಕದಲದು. ಆಗ ಅವನು ಯಾರೋ ಹೇಳಿದರೆಂದು ಸ್ಟೀರಾಯ್ಡ್ ಬೆರೆತ ಗುಳಿಗೆಗೋ ಹೆಸರಿಲ್ಲದ ಸೂಜಿಗೋ ತಿರುಗುವನು. ಎರಡು ದಿನದಲ್ಲಿ ಮೈ ನುಣ್ಣಗಾಗುವದು, ಆದ್ದರಿಂದಲೇ ಅದನ್ನು ಬಿಡಲಾಗದು. ಮುಂದೆ ಸಕ್ಕರೆ ರೋಗ, ಎಲುಬಿನ ಸವಕಳಿ ಬೆನ್ನು ಹತ್ತುವವು. ಇಂಥವನು ಚರ್ಮವೈದ್ಯರಲ್ಲಿಗೆ ಹೋಗಿ, ಬೆನ್ನಿಗೆ ಪಟ್ಟಿ ಅಂಟಿಸಿ ಮಾಡುವ ಪರೀಕ್ಷೆಯಿಂದ ಕಾರಣ ಗೊತ್ತುಮಾಡಿಕೊಂಡು, ಅವರು ಹೇಳಿದ ಮುಲಾಮನ್ನೋ ಔಷಧವನ್ನೋ ಅವರ ಲೆಕ್ಕದಂತೆ ತೆಗೆದುಕೊಳ್ಳಬೇಕು. ಮೂಗಿನ ಅಲರ್ಜಿಗಾಗಿ ಮುಂಗೈಗೆ ಚುಚ್ಚಿ ಮಾಡುವ ಪರೀಕ್ಷೆ ಬೇರೆ; ಅದಕ್ಕೆ ಹೋಗುವವರು ಎಷ್ಟು ದಿನ ಮೊದಲು ಆಂಟಿಹಿಸ್ಟಮಿನ್ ನಿಲ್ಲಿಸಬೇಕೆಂದು ಕೇಳಿಕೊಂಡಿರಬೇಕು, ಇಲ್ಲವಾದರೆ ಗುಳಿಗೆಯು ಪರೀಕ್ಷೆಯನ್ನೇ ಸುಳ್ಳಾಗಿಸುವದು.

ಗಿಡಕ್ಕೂ ಒಬ್ಬ ವೈರಿಯನ್ನು ಹುಡುಕಿ ತಂದಿರುವರು. ಮೆಕ್ಸಿಕೋದ ಒಂದು ಪಟ್ಟೆಹುಳವನ್ನು ಬೆಂಗಳೂರಿನ ಭಾರತೀಯ ತೋಟಗಾರಿಕೆ ಸಂಶೋಧನಾ ಸಂಸ್ಥೆಯವರು 1984ರಲ್ಲಿ ಬಿಟ್ಟರು. ಅದು ಸೂರ್ಯಕಾಂತಿಯನ್ನೂ ತಿಂದೀತೆಂಬ ಭಯ ಕೆಲವು ಕಾಲ ರೈತರಲ್ಲಿ ಹಬ್ಬಿತ್ತು. ಮಳೆಗಾಲದಲ್ಲಿ ಅದು ಎಲೆಗಳನ್ನು ಜಾಲರಿ ಮಾಡಿಬಿಡುವದು. ಆದರೂ ಕೈಯಿಂದ ಕೀಳುವದು ತಪ್ಪಿಲ್ಲ. ಹೂ ಬಿಡುವ ಮೊದಲು, ಮಳೆ ಬಿದ್ದು ನೆಲ ಹಸಿಯಿದ್ದಾಗ ಬೇರು ಸಹಿತ ಕೀಳಬೇಕು. ಕೈಗೆ ಚೀಲ, ಮೂಗು ಬಾಯಿಗೆ ಬಟ್ಟೆ, ತುಂಬುತೋಳಿನ ಅಂಗಿ ಇರಬೇಕು. ಮನೆಗೆ ಬಂದವರು ಅವೇ ಬಟ್ಟೆಯಲ್ಲಿ ಕೂಸನ್ನು ಎತ್ತಿಕೊಳ್ಳದೆ ಮೈ ತೊಳೆದುಕೊಂಡು, ಆ ಬಟ್ಟೆಗಳನ್ನು ಬೇರೆಯಾಗಿ ಒಗೆದು ಹಾಕಬೇಕು, ಬೇಲಿಯ ಮೇಲೆ ಒಣಹಾಕಬಾರದು. ಒಮ್ಮೆ ಚರ್ಮದ ರೋಗ ತಗಲಿದವರು ಮಾತ್ರ ಈ ಕೆಲಸಕ್ಕೆ ಕೈಯಿಕ್ಕದೆ ಮನೆಯ ಬೇರೆಯವರಿಗೆ ಬಿಡಬೇಕು.